ಮನೆಯ ನಿಜವಾದ ಬೆಲೆ ಕೊನೆಯ ಕಂತಿನಲ್ಲಿದೆ

ಹೊಸ ಮನೆಯ ಆಶೀರ್ವಾದವೆಂದರೆ ನಮ್ಮ ಕುಟುಂಬಗಳಲ್ಲಿ ಒಂದು ಹಬ್ಬವೇ ಸರಿ. ಧರ್ಮಕೇಂದ್ರದ ಗುರುಗಳು ಬಂದು ಕೋಣೆ ಕೋಣೆಗೂ ಪವಿತ್ರ ಜಲವನ್ನು ಪ್ರೋಕ್ಷಿಸುತ್ತಾರೆ, ಪಡಸಾಲೆಯಲ್ಲಿ ಯೇಸುವಿನ ಪವಿತ್ರ ಹೃದಯದ ಪಟವನ್ನು ಇರಿಸಲಾಗುತ್ತದೆ, ನೆರೆಹೊರೆಯವರೊಡನೆ ಊಟವಾಗುತ್ತದೆ. ಆಗ ಯಾರಾದರೊಬ್ಬ ಹಿರಿಯರು, "ಮನಿಗೆ ಎಷ್ಟ ಬಿತ್ತಪಾ?" ಎಂದು ಕೇಳಿಯೇ ಕೇಳುತ್ತಾರೆ. ಹಿಂದೆ ಈ ಪ್ರಶ್ನೆಗೆ ಬರುತ್ತಿದ್ದ ಉತ್ತರ ಮನೆಯ ಬೆಲೆಯಾಗಿತ್ತು. ಇಂದು ಬರುವ ಉತ್ತರವೇ ಬೇರೆ: "ತಿಂಗಳಿಗೆ ಇಪ್ಪತ್ತಾರು ಸಾವಿರ ಹೊಕ್ಕೈತ್ರಿ." ಕೇಳಿದ್ದು ಬೆಲೆ, ಹೇಳಿದ್ದು ಕಂತು. ಎಷ್ಟು ವರ್ಷ ಎಂಬ ಮರುಪ್ರಶ್ನೆಯನ್ನು ಯಾರೂ ಕೇಳುವುದಿಲ್ಲ. ಕೇಳಿದರೂ ಉತ್ತರಿಸಬಲ್ಲ ಯಜಮಾನರು ವಿರಳ.

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಎಂಬ ಗಾದೆಯನ್ನು ನಮ್ಮ ಹಿರಿಯರು ಸುಮ್ಮನೆ ಹೇಳಲಿಲ್ಲ. ಆದರೆ ಅವರ ಕಾಲದಲ್ಲಿ ಮನೆ ಕಟ್ಟುವ ಕಷ್ಟ ಕಟ್ಟುವಾಗಲೇ ಕಣ್ಣಿಗೆ ಕಾಣುತ್ತಿತ್ತು. ಇಂದಿನ ಕಷ್ಟ ಹದಿನೈದು, ಇಪ್ಪತ್ತು, ಮೂವತ್ತು ವರ್ಷಗಳಲ್ಲಿ ಹರಡಿಕೊಂಡು ಅಗೋಚರವಾಗಿದೆ. ಗೃಹಸಾಲ ಬೇಡವೆಂದು ಹೇಳುವುದು ಈ ಲೇಖನದ ಉದ್ದೇಶವಲ್ಲ. ಸಾಲದ ಪೂರ್ಣ ಬೆಲೆಯನ್ನು ಕೊನೆಯ ಕಂತಿನವರೆಗೆ ಎಣಿಸಿ, ಮನೆಮಂದಿಯೆಲ್ಲ ಕೂಡಿ ತಿಳಿದುಕೊಂಡು, ಅನಂತರ ಸಹಿ ಹಾಕಬೇಕೆಂಬುದಷ್ಟೇ ನನ್ನ ವಿನಂತಿ.

ರೈಲ್ವೆಯನ್ನು ನಂಬಿ ಬದುಕಿದ ನಮ್ಮ ಹಿಂದಿನ ತಲೆಮಾರಿನ ಅನೇಕರು ಸೇವಾವಧಿಯನ್ನೆಲ್ಲ ಕ್ವಾರ್ಟರ್ಸಿನಲ್ಲಿ ಕಳೆದು, ನಿವೃತ್ತಿಯಾದಾಗ ಕೈಗೆ ಬಂದ ಭವಿಷ್ಯನಿಧಿಯಿಂದ ಒಂದು ಸಣ್ಣ ಮನೆಯನ್ನು ಮಾಡಿಕೊಂಡರು. ಸಾಮಾನ್ಯ ನೌಕರನಿಗೆ ಮನೆಗೆಂದು ದೀರ್ಘಾವಧಿಯ ಸಾಲ ಕೊಡುವವರು ಆಗ ಕಡಿಮೆ. 1977ರಲ್ಲಿ ಎಚ್.ಡಿ.ಎಫ್.ಸಿ., 1987ರಲ್ಲಿ ಬೆಂಗಳೂರಿನಲ್ಲಿ ಕ್ಯಾನ್ ಫಿನ್ ಹೋಮ್ಸ್ ಹೀಗೆ ಸಂಸ್ಥೆಗಳು ಹುಟ್ಟಿಕೊಂಡವು. ಮುಂದೆ ಬ್ಯಾಂಕುಗಳೂ ಈ ಕ್ಷೇತ್ರಕ್ಕಿಳಿದವು. ಮೂವತ್ತರ ಹರೆಯದ ದಂಪತಿಗಳು ಕೇಶ್ವಾಪುರದಲ್ಲೋ ನವನಗರದಲ್ಲೋ ಧಾರವಾಡದ ಸಪ್ತಾಪುರದಲ್ಲೋ ಸ್ವಂತ ಸೂರಿನಡಿ ಮಕ್ಕಳನ್ನು ಬೆಳೆಸುವಂತಾದದ್ದು ಇದರಿಂದಲೇ. ಇದು ದೊಡ್ಡ ಉಪಕಾರವೆಂಬುದರಲ್ಲಿ ಸಂಶಯವಿಲ್ಲ. ಆದರೆ ಯಾವ ಉಪಕಾರವೂ ಪುಕ್ಕಟೆಯಲ್ಲ.

ತಮ್ಮನ ಮನೆಯ ಕತೆ

ನನ್ನ ತಮ್ಮನ ಉದಾಹರಣೆಯನ್ನು ಅವನ ಒಪ್ಪಿಗೆಯಿಂದಲೇ ಹೇಳುತ್ತೇನೆ. ಅವನು ರೈಲ್ವೆ ಕಾರ್ಯಾಗಾರದ ನೌಕರ. 2021ರ ಮಧ್ಯದಲ್ಲಿ, ತನ್ನ ನಲವತ್ತೈದನೆಯ ವಯಸ್ಸಿನಲ್ಲಿ, 20 ಲಕ್ಷ ರೂಪಾಯಿ ಗೃಹಸಾಲ ಪಡೆದ. ಬಡ್ಡಿ ನೂರಕ್ಕೆ 7, ಅವಧಿ 15 ವರ್ಷ, ಮಾಸಿಕ ಕಂತು ರೂ. 17,977. ಲೆಕ್ಕ ಸೊಗಸಾಗಿತ್ತು: 2036ರಲ್ಲಿ ನಿವೃತ್ತಿ, ಅದೇ ವರ್ಷ ಸಾಲಮುಕ್ತಿ, ಗ್ರ್ಯಾಚುಟಿ ಮತ್ತು ನಿಧಿಯ ಹಣ ಮುಪ್ಪಿನ ಆಸರೆಗೆ ಹಾಗೂ ಮಗಳ ಮದುವೆಗೆ.

ಆದರೆ ಆ ಬಡ್ಡಿ ಸ್ಥಿರವಾದುದಾಗಿರಲಿಲ್ಲ. ರಿಸರ್ವ್ ಬ್ಯಾಂಕಿನ ರೆಪೊ ದರಕ್ಕೆ ಜೋಡಿಸಲ್ಪಟ್ಟಿತ್ತು. 2022ರ ಮೇ ತಿಂಗಳಿನಿಂದ 2023ರ ಫೆಬ್ರವರಿಯ ನಡುವೆ ಆ ದರ 4ರಿಂದ 6.5ಕ್ಕೆ ಏರಿತು. ಸಾಲ ಪಡೆದವರೆಲ್ಲ ಕಂಗಾಲಾಗಿದ್ದಾಗ ತಮ್ಮ ನನ್ನ ಹತ್ತಿರ ಬಂದು ನಗುತ್ತಲೇ ಹೇಳಿದ: "ಅಣ್ಣಾ, ನಂದೇನೂ ಕಂತು ಏರಿಲ್ಲ ನೋಡು. ದೇವರು ದೊಡ್ಡವ."

ಕಂತು ಏರಿರಲಿಲ್ಲ, ನಿಜ. ಏರಿದ್ದು ವರ್ಷಗಳು. 2024ರಲ್ಲಿ ಒಂದು ದಿನ ಅವನ ಹೆಂಡತಿ ಸಾಲದ ವಿವರಪಟ್ಟಿಯನ್ನು ಕೈಗೆತ್ತಿಕೊಂಡು ಓದಿದಳು. ಸಾಲಪತ್ರದಲ್ಲಿ ಆಕೆಯದೂ ಸಹಿಯಿತ್ತು. ಆದರೆ ಸಹಿ ಹಾಕಿದ ದಿನ ತೋರಿಸಿದ ಕಡೆಯೆಲ್ಲ ಹೆಸರು ಬರೆದದ್ದಷ್ಟೇ ಆಕೆಗೆ ನೆನಪು. ಪಟ್ಟಿಯಲ್ಲಿ ಕೊನೆಯ ಕಂತಿನ ವರ್ಷ 2036ರ ಬದಲು 2041 ಎಂದಿತ್ತು. ಬಡ್ಡಿ ಏರಿದಾಗ ಸಾಲ ಕೊಟ್ಟ ಸಂಸ್ಥೆಯವರು ಕಂತನ್ನು ಹಾಗೆಯೇ ಬಿಟ್ಟು ಅವಧಿಯನ್ನು ಐದು ವರ್ಷ ಹಿಗ್ಗಿಸಿದ್ದರು. ಆ ಕುರಿತು ಮೊಬೈಲಿಗೆ ಇಂಗ್ಲಿಷಿನಲ್ಲಿ ಎರಡು ಸಾಲಿನ ಸಂದೇಶವೂ ಬಂದಿತ್ತಂತೆ. ತಮ್ಮ ಅದನ್ನು ಓದಿರಲಿಲ್ಲ.

ಇದರ ಬೆಲೆಯನ್ನು ಎಣಿಸೋಣ. ದರ ಅದೇ ಎತ್ತರದಲ್ಲಿ ನಿಂತಿದ್ದರೆ ನಿವೃತ್ತಿಯ ನಂತರ ಇನ್ನೂ ಅರುವತ್ತೊಂದು ಕಂತು, ಅಂದರೆ ಸುಮಾರು 11 ಲಕ್ಷ ರೂಪಾಯಿಯನ್ನು ಸಂಬಳವಿಲ್ಲದ ಕೈ ಕಟ್ಟಬೇಕಿತ್ತು. ಬದಲಿಗೆ ದರ ಏರಿದಾಗಲೇ ಕಂತನ್ನು ತಿಂಗಳಿಗೆ ರೂ. 2,670ರಷ್ಟು ಹೆಚ್ಚಿಸಿಕೊಂಡಿದ್ದರೆ ಸಾಲ 2036ರಲ್ಲೇ ಮುಗಿಯುತ್ತಿತ್ತು. ಹೆಚ್ಚು ತೆತ್ತ ಮೊತ್ತ ಒಟ್ಟು ನಾಲ್ಕೂಕಾಲು ಲಕ್ಷದ ಆಸುಪಾಸು. ನಾಲ್ಕೂಕಾಲು ಲಕ್ಷದ ಔಷಧವನ್ನು ಕಹಿಯೆಂದು ಬಿಟ್ಟು ಹನ್ನೊಂದು ಲಕ್ಷದ ರೋಗವನ್ನು ಕೊಂಡಂತೆ. ಅದೂ ತಿಳಿಯದೆ, ದೇವರಿಗೆ ವಂದಿಸುತ್ತ!

ಪುಣ್ಯವಶಾತ್ ತಮ್ಮ ಎಚ್ಚೆತ್ತುಕೊಂಡ. ಕಂತನ್ನು ಏರಿಸಿಕೊಂಡ, ದಸರೆಯ ಮುಂಚೆ ಬರುವ ರೈಲ್ವೆ ಬೋನಸ್ಸನ್ನು ಪ್ರತಿವರ್ಷ ಅಸಲಿಗೇ ಕಟ್ಟತೊಡಗಿದ. 2025ರಲ್ಲಿ ರೆಪೊ ದರ ಹಂತ ಹಂತವಾಗಿ ಇಳಿದು ಡಿಸೆಂಬರಿನಲ್ಲಿ 5.25ಕ್ಕೆ ಬಂದಾಗಲೂ ಕಂತನ್ನು ಇಳಿಸಬೇಡಿ, ಅವಧಿಯನ್ನೇ ಇಳಿಸಿ ಎಂದು ಬರೆದುಕೊಟ್ಟ. ಇದೆಲ್ಲವನ್ನೂ ಕಲಿಸಿದ್ದು ಮನೆಯ ಖರ್ಚಿನ ಡೈರಿ ಬರೆಯುವ ಅವನ ಹೆಂಡತಿ.

ಬಡ್ಡಿಯ ಲೆಕ್ಕ ಹೇಗೆ ನಡೆಯುತ್ತದೆ?

ಇ.ಎಂ.ಐ. ಎಂದು ಎಲ್ಲರೂ ಕರೆಯುವ ಸಮಾನ ಮಾಸಿಕ ಕಂತಿನ ಸ್ವಭಾವವನ್ನು ಒಮ್ಮೆ ಅರಿತುಕೊಂಡರೆ ಅರ್ಧ ಭಯ ಹೋಗುತ್ತದೆ, ಅರ್ಧ ಎಚ್ಚರ ಬರುತ್ತದೆ. ಪ್ರತಿ ತಿಂಗಳೂ ಬಾಕಿಯಿರುವ ಅಸಲಿನ ಮೇಲೆ ಮೊದಲು ಬಡ್ಡಿಯನ್ನು ಮುರಿದುಕೊಳ್ಳಲಾಗುತ್ತದೆ. ಕಂತಿನಲ್ಲಿ ಉಳಿದದ್ದಷ್ಟೇ ಅಸಲಿಗೆ ಜಮೆಯಾಗುತ್ತದೆ. ಆರಂಭದಲ್ಲಿ ಅಸಲು ದೊಡ್ಡದಾದ್ದರಿಂದ ಬಡ್ಡಿಯ ಪಾಲೂ ದೊಡ್ಡದು.

30 ಲಕ್ಷ ರೂಪಾಯಿ ಸಾಲ, ನೂರಕ್ಕೆ 8.5 ಬಡ್ಡಿ, 20 ವರ್ಷ ಎಂದು ಇಟ್ಟುಕೊಳ್ಳೋಣ. ಕಂತು ರೂ. 26,035. ಮೊದಲನೆಯ ತಿಂಗಳ ಕಂತಿನಲ್ಲಿ ಬಡ್ಡಿ ರೂ. 21,250, ಅಸಲಿಗೆ ಸೇರುವುದು ರೂ. 4,785 ಮಾತ್ರ. ಐದು ವರ್ಷ ತಪ್ಪದೆ ಕಟ್ಟಿದ ಮೇಲೆ ಒಟ್ಟು 15.62 ಲಕ್ಷ ಸಂದಿರುತ್ತದೆ. ಅಸಲು ಕರಗಿರುವುದು ಕೇವಲ ಮೂರೂವರೆ ಲಕ್ಷದಷ್ಟು. ಹತ್ತು ವರ್ಷಕ್ಕೆ ಅರ್ಧ ದಾರಿ ಸವೆದಿರುತ್ತದೆ. ಆದರೆ 30 ಲಕ್ಷದಲ್ಲಿ ಸುಮಾರು 21 ಲಕ್ಷ ಇನ್ನೂ ಬಾಕಿ. ಇಪ್ಪತ್ತು ವರ್ಷಕ್ಕೆ ಕಟ್ಟಿದ ಒಟ್ಟು ಹಣ 62.48 ಲಕ್ಷ. ಅಂದರೆ ಬಡ್ಡಿಯೇ 32.48 ಲಕ್ಷ, ಸಾಲಕ್ಕಿಂತ ಬಡ್ಡಿ ದೊಡ್ಡದು.

ಅವಧಿಯನ್ನು ಬದಲಿಸಿ ನೋಡಿ. ಅದೇ ಸಾಲವನ್ನು 15 ವರ್ಷಕ್ಕೆ ಪಡೆದರೆ ಕಂತು ರೂ. 29,542, ಒಟ್ಟು ಬಡ್ಡಿ 23.18 ಲಕ್ಷ. 30 ವರ್ಷಕ್ಕೆ ಪಡೆದರೆ ಕಂತು ರೂ. 23,067, ಒಟ್ಟು ಬಡ್ಡಿ 53.04 ಲಕ್ಷ. ಇಪ್ಪತ್ತು ವರ್ಷವನ್ನು ಮೂವತ್ತಕ್ಕೆ ಹಿಗ್ಗಿಸಿದರೆ ತಿಂಗಳಿಗೆ ಸಿಗುವ ಸಮಾಧಾನ ಮೂರು ಸಾವಿರಕ್ಕೂ ಕಡಿಮೆ; ಕೊಡಬೇಕಾದ ಹೆಚ್ಚುವರಿ ಬಡ್ಡಿ ಇಪ್ಪತ್ತು ಲಕ್ಷಕ್ಕೂ ಹೆಚ್ಚು. ಬಡ್ಡಿಯ ದರದಲ್ಲಿ ಕಾಲು ಅಂಶಕ್ಕಾಗಿ ನಾಲ್ಕು ಬ್ಯಾಂಕು ಅಲೆಯುವ ನಾವು, ಅವಧಿಯ ವಿಷಯದಲ್ಲಿ ಮಾತ್ರ ಅವರು ಬರೆದುಕೊಟ್ಟದ್ದಕ್ಕೆ ತಲೆದೂಗುತ್ತೇವೆ. ನಿಜವಾದ ಚೌಕಾಸಿ ನಡೆಯಬೇಕಾದದ್ದು ಅಲ್ಲಿ.

ಇದೇ ಲೆಕ್ಕ ನಮಗೆ ಅನುಕೂಲವಾಗಿಯೂ ತಿರುಗಬಲ್ಲದು. 20 ವರ್ಷದ ಆ ಸಾಲಕ್ಕೆ ವರ್ಷಕ್ಕೊಂದು ಕಂತನ್ನು ಹೆಚ್ಚಾಗಿ, ಅಸಲಿಗೆಂದೇ ಹೇಳಿ ಕಟ್ಟಿದರೆ, ಸಾಲ ಹದಿನೇಳು ವರ್ಷದೊಳಗೆ ತೀರುತ್ತದೆ; ಉಳಿಯುವ ಬಡ್ಡಿ ಸುಮಾರು 6 ಲಕ್ಷ. ಹಬ್ಬದ ಬೋನಸ್ಸು, ಕೊಲ್ಲಿ ದೇಶದಿಂದ ಮಗ ಕಳಿಸಿದ ಹಣ, ಮುಗಿದ ಠೇವಣಿ ಯಾವುದಾದರೂ ಆಗಬಹುದು. ಮೊದಲ ವರ್ಷಗಳಲ್ಲಿ ಕಟ್ಟಿದಷ್ಟೂ ಲಾಭ ಹೆಚ್ಚು.

ಕಂತಿನಲ್ಲಿ ಕಾಣದ ಖರ್ಚು

ಮನೆಯ ಪೂರ್ತಿ ಬೆಲೆಗೆ ಸಾಲ ಸಿಗುವುದಿಲ್ಲ. ರಿಸರ್ವ್ ಬ್ಯಾಂಕಿನ ನಿಯಮದಂತೆ 30 ಲಕ್ಷದವರೆಗಿನ ಸಾಲ ಮನೆಯ ಮೌಲ್ಯದ ನೂರಕ್ಕೆ 90ನ್ನು, 75 ಲಕ್ಷದವರೆಗಿನದು 80ನ್ನು, ಅದಕ್ಕೂ ಮೇಲ್ಪಟ್ಟದ್ದು 75ನ್ನು ಮೀರುವಂತಿಲ್ಲ. ಇದರ ಮೇಲೆ ಮುದ್ರಾಂಕ ಶುಲ್ಕವಿದೆ, ಸಾಮಾನ್ಯವಾಗಿ ನೂರಕ್ಕೆ 5. ನೋಂದಣಿ ಶುಲ್ಕವಿದೆ, ನಮ್ಮ ರಾಜ್ಯದಲ್ಲಿ ಅದು 2025ರ ಆಗಸ್ಟ್ 31ರಿಂದ ನೂರಕ್ಕೆ 1ರಿಂದ 2ಕ್ಕೆ ಏರಿದೆ. 40 ಲಕ್ಷದ ಮನೆಗೆ ಈ ಎರಡೇ ಬಾಬತ್ತಿನಲ್ಲಿ 2.80 ಲಕ್ಷ ಬೇಕು. ಕೈಯಲ್ಲಿ ಈ ಹಣವಿಲ್ಲದವರು ಏನು ಮಾಡುತ್ತಾರೆ? ಬಂಗಾರ ಅಡ ಇಡುತ್ತಾರೆ, ಭಿಶಿ ಎತ್ತುತ್ತಾರೆ, ಬಂಧುಗಳಲ್ಲಿ ಕೈಗಡ ಮಾಡುತ್ತಾರೆ. ಹೀಗೆ ಎಂಟೂವರೆ ಬಡ್ಡಿಯ ಸಾಲದ ಕೆಳಗೆ ಅದಕ್ಕಿಂತ ದುಬಾರಿಯಾದ ಸಾಲಗಳು ಅಡಿಪಾಯದ ಕಲ್ಲುಗಳಂತೆ ಹೂತುಹೋಗುತ್ತವೆ. ಮನೆ ಮುರಿಯುವುದು ಸಾಮಾನ್ಯವಾಗಿ ಮೇಲಿನ ಸಾಲದಿಂದಲ್ಲ, ಕೆಳಗಿನ ಇವುಗಳಿಂದ.

ಇನ್ನೊಂದು ಬಾಬತ್ತು ವಿಮೆ. ಸಾಲಗಾರ ತೀರಿಕೊಂಡರೆ ಸಾಲವನ್ನು ತೀರಿಸುವ ವಿಮೆ ಒಳ್ಳೆಯದೇ. ವಿಧವೆಗೂ ಮಕ್ಕಳಿಗೂ ಸೂರು ಉಳಿಯುತ್ತದೆ. ಆದರೆ ಅದರ ಕಂತನ್ನು ಒಟ್ಟಾಗಿ ಸಾಲಕ್ಕೇ ಸೇರಿಸುವುದುಂಟು. ರೂ. 60,000 ವಿಮಾ ಹಣ ಹೀಗೆ ಸಾಲದೊಳಗೆ ಸೇರಿದರೆ, ಮೇಲೆ ಹೇಳಿದ ದರದಲ್ಲಿ ಇಪ್ಪತ್ತು ವರ್ಷಕ್ಕೆ ಅದು ರೂ. 1.25 ಲಕ್ಷವಾಗುತ್ತದೆ. ಆ ವಿಮೆ ಕಡ್ಡಾಯವೇ, ಬೇರೆಡೆ ಮಾಡಿಸಬಹುದೇ, ವರ್ಷ ವರ್ಷ ಕಟ್ಟಬಹುದೇ ಎಂಬ ಮೂರು ಪ್ರಶ್ನೆಗಳನ್ನು ಕೇಳಲು ಸಂಕೋಚ ಬೇಡ.

ಗುಂಟೆ ಲೆಕ್ಕದಲ್ಲಿ ಬಾಂಡ್ ಕಾಗದದ ಮೇಲೆ ಮಾರುವ ಪ್ಲಾಟುಗಳ ಕುರಿತು ಇಲ್ಲಿ ಹೆಚ್ಚು ಬರೆಯುವುದಿಲ್ಲ. ಎನ್.ಎ. ಆಗಿದೆಯೇ, ಉತಾರದಲ್ಲಿ ಯಾರ ಹೆಸರಿದೆ ಎಂದು ನೋಡದೆ ಮುಂಗಡ ಕೊಟ್ಟವರಿಗೆ ಆಮೇಲೆ ಬ್ಯಾಂಕಿನ ಸಾಲ ಸಿಗುವುದು ಕಷ್ಟ ಎಂಬುದಷ್ಟು ನೆನಪಿದ್ದರೆ ಸಾಕು.

ಬಾಡಿಗೆ ದಂಡವೇ?

"ಬಾಡಿಗೆ ಕೊಟ್ಟು ಹಣ ಹಾಳು ಮಾಡುವುದಕ್ಕಿಂತ ಅದನ್ನೇ ಕಂತಾಗಿ ಕಟ್ಟಬಾರದೇ?" ಎಂಬುದು ಎಲ್ಲೆಡೆ ಕೇಳಿಬರುವ ವಾದ. ಈ ವಾದದಲ್ಲಿ ಒಂದು ತಪ್ಪಿದೆ. ಬಾಡಿಗೆಯನ್ನು ಹೋಲಿಸಬೇಕಾದದ್ದು ಕಂತಿನೊಡನೆ ಅಲ್ಲ, ಕಂತಿನೊಳಗಿನ ಬಡ್ಡಿಯೊಡನೆ; ಏಕೆಂದರೆ ಬಾಡಿಗೆಯಂತೆ ಅದೂ ಮರಳಿ ಬಾರದ ಹಣ. ಮೇಲಿನ ಉದಾಹರಣೆಯಲ್ಲಿ ಮೊದಲ ತಿಂಗಳ ಬಡ್ಡಿಯೇ ರೂ. 21,250. ನೀವೀಗ ಕೊಡುತ್ತಿರುವ ಬಾಡಿಗೆ ಅದರ ಅರ್ಧವಾಗಿದ್ದರೆ, ಇನ್ನು ನಾಲ್ಕೈದು ವರ್ಷ ಬಾಡಿಗೆ ಮನೆಯಲ್ಲೇ ಇದ್ದು, ಉಳಿದ ಹಣವನ್ನು ಕೂಡಿಟ್ಟು, ಚಿಕ್ಕ ಸಾಲದಿಂದ ಮನೆ ಕೊಳ್ಳುವುದು ಹೇಡಿತನವಲ್ಲ; ಅದೂ ಒಂದು ಬುದ್ಧಿವಂತಿಕೆ.

ಆದರೆ ಇನ್ನೊಂದು ಪಕ್ಕವನ್ನೂ ಹೇಳುವುದು ನ್ಯಾಯ. ಬಾಡಿಗೆ ವರ್ಷೇ ವರ್ಷೇ ಏರುತ್ತದೆ. ಮನೆಯ ಮಾಲೀಕರ ಮರ್ಜಿಯಲ್ಲಿ ಮಕ್ಕಳನ್ನು ಬೆಳೆಸುವುದು ಸುಲಭವಲ್ಲ. ಹಣದ ಬೆಲೆ ಇಳಿಯುತ್ತ ಹೋಗುವುದರಿಂದ ಇಂದು ಭಾರವೆನಿಸುವ ಇಪ್ಪತ್ತಾರು ಸಾವಿರ ಹದಿನೈದು ವರ್ಷದ ನಂತರ ಅಷ್ಟು ಭಾರವೆನಿಸದು. ಪ್ಲಾಟಿನ ಬೆಲೆಯೂ ಏರಬಹುದು. ಸ್ವಂತ ಮನೆಯ ನೆಮ್ಮದಿಗೆ ಬೆಲೆ ಕಟ್ಟಲಾಗದು. ಆ ನೆಮ್ಮದಿಗಾಗಿ ನಾವು ಎಷ್ಟು ತೆರುತ್ತಿದ್ದೇವೆಂಬುದನ್ನು ಮಾತ್ರ ಕಟ್ಟಬಹುದು, ಕಟ್ಟಲೇಬೇಕು.

ತೆರಿಗೆ ಉಳಿಯುತ್ತದೆಂಬ ಸಮಾಧಾನಕ್ಕೂ ಮಿತಿಯುಂಟು. ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಸಾಲಕ್ಕೆ ವರ್ಷಕ್ಕೆ 2 ಲಕ್ಷದವರೆಗಿನ ಬಡ್ಡಿಯನ್ನು ಆದಾಯದಿಂದ ಕಳೆಯಬಹುದು. ಹೊಸ ಪದ್ಧತಿಯಲ್ಲಿ ಆ ಸೌಲಭ್ಯವಿಲ್ಲ. ಇದ್ದಾಗಲೂ, ನೂರಕ್ಕೆ 20ರ ಹಂತದಲ್ಲಿ ತೆರಿಗೆ ಕಟ್ಟುವವನು ಇಪ್ಪತ್ತು ಪೈಸೆ ಉಳಿಸಲು ಒಂದು ರೂಪಾಯಿ ಬಡ್ಡಿ ಕೊಡುತ್ತಾನೆಂಬುದನ್ನು ಮರೆಯಬಾರದು.

ಸಾಲಗಾರನಿಗೂ ಹಕ್ಕುಗಳಿವೆ

ಈಚಿನ ವರ್ಷಗಳಲ್ಲಿ ಸಾಲಗಾರನ ಪರವಾಗಿ ಕೆಲವು ಒಳ್ಳೆಯ ನಿಯಮಗಳು ಬಂದಿವೆ. 2024ರ ಅಕ್ಟೋಬರ್ 1ರಿಂದ ಹೊಸ ಸಾಲ ಪಡೆಯುವವನಿಗೆ ಬಡ್ಡಿ ಮತ್ತು ಇತರ ಶುಲ್ಕಗಳೆಲ್ಲ ಸೇರಿ ವಾರ್ಷಿಕವಾಗಿ ಎಷ್ಟು ಬೀಳುತ್ತದೆಂಬುದನ್ನು ತಿಳಿಸುವ ಮುಖ್ಯಾಂಶಗಳ ಪತ್ರವನ್ನು ಕೊಡಲೇಬೇಕು. ಸಹಿ ಹಾಕುವ ಮೊದಲು ಅದನ್ನು ಕೇಳಿ ಮನೆಗೆ ತನ್ನಿ. 2023ರ ಆಗಸ್ಟ್ 18ರ ರಿಸರ್ವ್ ಬ್ಯಾಂಕಿನ ಸುತ್ತೋಲೆಯಂತೆ, ಬಡ್ಡಿ ಬದಲಾದಾಗ ಕಂತನ್ನು ಏರಿಸಬೇಕೇ, ಅವಧಿಯನ್ನು ಹಿಗ್ಗಿಸಬೇಕೇ ಅಥವಾ ಎರಡನ್ನೂ ಅಷ್ಟಿಷ್ಟು ಮಾಡಬೇಕೇ ಎಂಬ ಆಯ್ಕೆ ಸಾಲಗಾರನದು. ಮೂರು ತಿಂಗಳಿಗೊಮ್ಮೆ ಅಸಲೆಷ್ಟು, ಬಡ್ಡಿಯೆಷ್ಟು, ಇನ್ನು ಉಳಿದ ಕಂತುಗಳೆಷ್ಟು ಎಂಬ ವಿವರ ಅವನಿಗೆ ಸಿಗಬೇಕು. ಬದಲಾಗುವ ಬಡ್ಡಿಯ ಗೃಹಸಾಲವನ್ನು ವ್ಯಕ್ತಿಗಳು ಅವಧಿಗೆ ಮುನ್ನ ತೀರಿಸಿದರೆ ಬ್ಯಾಂಕುಗಳು ದಂಡ ವಿಧಿಸುವಂತಿಲ್ಲವೆಂಬ ನಿಯಮ 2012ರಿಂದಲೇ ಇದೆ. ಸಾಲ ಪೂರ್ತಿ ತೀರಿದ 30 ದಿನಗಳೊಳಗೆ ಮನೆಯ ಮೂಲ ಕಾಗದಪತ್ರಗಳನ್ನು ಮರಳಿಸಬೇಕು. ಸಂಸ್ಥೆಯ ತಪ್ಪಿನಿಂದ ತಡವಾದರೆ ದಿನಕ್ಕೆ ರೂ. 5,000 ಪರಿಹಾರ ಕೊಡಬೇಕು. ಇದು 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ.

ಅದೇ ರೀತಿ ಹೊಣೆಯೂ ಕಠಿಣವಾದುದು. ಕಂತು 90 ದಿನ ಮೀರಿ ಬಾಕಿಯಾದರೆ ಸಾಲ ಕೆಟ್ಟ ಸಾಲದ ಪಟ್ಟಿಗೆ ಸೇರುತ್ತದೆ. 2002ರ ಸರ್ಫೇಸಿ ಕಾಯಿದೆಯಂತೆ 60 ದಿನಗಳ ನೋಟೀಸು ಕೊಟ್ಟು ಮನೆಯನ್ನು ವಶಪಡಿಸಿಕೊಳ್ಳಲು ಅವಕಾಶವಿದೆ. ತೊಂದರೆ ಬಂದಾಗ ಮುಖ ಮರೆಸಿಕೊಳ್ಳದೆ ಮೊದಲ ತಿಂಗಳೇ ಬ್ಯಾಂಕಿಗೆ ಹೋಗಿ ಮಾತನಾಡುವುದು ಜಾಣತನ.

ಧರ್ಮಕೇಂದ್ರಗಳು ಮಾಡಬಹುದಾದದ್ದು

ನಮ್ಮ ಪಕ್ಕದ ಗದಗ ತಾಲ್ಲೂಕಿನ ಕಣಗಿನಹಾಳದಲ್ಲಿ, ಅದು ಧಾರವಾಡ ಜಿಲ್ಲೆಗೆ ಸೇರಿದ್ದ ಕಾಲದಲ್ಲಿ, 1905ರಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಸಹಕಾರಿ ಪತ್ತಿನ ಸಂಘವನ್ನು ಸ್ಥಾಪಿಸಿದರು. ಅಂಥ ಸಂಘಗಳ ತಿರುಳು ಹಣವಷ್ಟೇ ಅಲ್ಲ. ಸಾಲ ಯಾಕೆ, ಎಷ್ಟು, ಹೇಗೆ ತೀರಿಸುವೆ ಎಂದು ಊರಿನವರೇ ಊರಿನವನನ್ನು ಕೂರಿಸಿ ಕೇಳುತ್ತಿದ್ದರು. ಕೇಳುವವನು ಅವನ ಹಿತವನ್ನು ಬಯಸುವವನಾಗಿದ್ದ. ಇಂದು ಸಾಲಗಾರನ ಎದುರು ಕೂರುವವನಿಗೆ ತಿಂಗಳ ಗುರಿ ತಲುಪುವ ಚಿಂತೆ. ಹಿತವನ್ನು ಬಯಸಿ ಕೇಳುವವರ ಸ್ಥಾನ ಖಾಲಿಯಾಗಿದೆ.

ಆ ಸ್ಥಾನವನ್ನು ನಮ್ಮ ಧರ್ಮಕೇಂದ್ರಗಳು ತುಂಬಬಹುದು. ಹುಬ್ಬಳ್ಳಿ-ಧಾರವಾಡದಲ್ಲಿ ನಿವೃತ್ತ ಬ್ಯಾಂಕ್ ನೌಕರರಿಗೆ ಕೊರತೆಯಿಲ್ಲ. ತಿಂಗಳಿಗೊಂದು ಭಾನುವಾರ ಬಲಿಪೂಜೆಯ ನಂತರ ಅವರಲ್ಲಿ ಇಬ್ಬರು ಸಭಾಭವನದಲ್ಲಿ ಒಂದು ತಾಸು ಕುಳಿತು, ಸಾಲ ಪಡೆಯಲಿರುವವರ ಕಾಗದಪತ್ರಗಳನ್ನು ಓದಿ ಹೇಳಿದರೆ ಅದಕ್ಕಿಂತ ದೊಡ್ಡ ಸೇವೆ ಯಾವುದಿದೆ? ವಿವಾಹ ಸಿದ್ಧತಾ ಶಿಬಿರಗಳಲ್ಲಿ ಸಂಸಾರದ ಸಾಲಸೋಲದ ಲೆಕ್ಕಕ್ಕೆಂದು ಒಂದು ಗಂಟೆಯನ್ನು ಮೀಸಲಿಡಬಾರದೇ? ಗಂಡ ಹೆಂಡಿರ ನಡುವಿನ ಎಷ್ಟೋ ಜಗಳಗಳ ಬೇರು ಹೇಳದೆ ಮುಚ್ಚಿಟ್ಟ ಸಾಲದಲ್ಲಿದೆ ಎಂಬುದನ್ನು ಗುರುಗಳೇ ಬಲ್ಲರು.

ಮನೆಯಲ್ಲಿಯೂ ಒಂದು ಪದ್ಧತಿ ಬರಲಿ. ಸಹಿ ಹಾಕುವ ಮೊದಲು ಗಂಡ, ಹೆಂಡತಿ, ತಿಳಿವಳಿಕೆ ಬಂದ ಮಕ್ಕಳು ಒಟ್ಟಿಗೆ ಕುಳಿತು ನಾಲ್ಕು ಸಂಗತಿಗಳನ್ನು ಒಂದು ಹಾಳೆಯ ಮೇಲೆ ಬರೆಯಲಿ: ಕೊನೆಯ ಕಂತಿನವರೆಗೆ ಕಟ್ಟುವ ಒಟ್ಟು ಹಣ, ಕೊನೆಯ ಕಂತು ಕಟ್ಟುವಾಗ ಯಜಮಾನನ ವಯಸ್ಸು, ಬಡ್ಡಿ ಎರಡು ಅಂಶ ಏರಿದರೆ ಆಗುವ ಕಂತು, ಆರು ತಿಂಗಳು ಸಂಬಳ ನಿಂತರೆ ಕಂತಿಗೆ ಹಣ ಬರುವ ದಾರಿ. ನಾಲ್ಕನೆಯದಕ್ಕೆ ಉತ್ತರವಿಲ್ಲದಿದ್ದರೆ ಸಾಲವನ್ನು ಚಿಕ್ಕದು ಮಾಡಿ, ಇಲ್ಲವೇ ಒಂದೆರಡು ವರ್ಷ ತಾಳಿ. ಆ ಹಾಳೆ ಮನೆಯ ಕಪಾಟಿನಲ್ಲಿರಲಿ. ವರ್ಷಕ್ಕೊಮ್ಮೆ, ಬೇಕಾದರೆ ತಪಸ್ಸುಕಾಲದ ಒಂದು ಸಂಜೆ, ತೆಗೆದು ನೋಡಲಿ.

ಗೋಪುರ ಕಟ್ಟಲು ಹೊರಟವನು ಮೊದಲು ಕುಳಿತು ಖರ್ಚಿನ ಲೆಕ್ಕ ಹಾಕುತ್ತಾನೆಂಬ ಪ್ರಭುವಿನ ದೃಷ್ಟಾಂತವನ್ನು ಸಂತ ಲೂಕನ ಶುಭಸಂದೇಶದ ಹದಿನಾಲ್ಕನೆಯ ಅಧ್ಯಾಯದಲ್ಲಿ ನಾವೆಲ್ಲ ಕೇಳಿದ್ದೇವೆ. ಪ್ರಭು ಅದನ್ನು ಹೇಳಿದ್ದು ಶಿಷ್ಯತ್ವದ ಬೆಲೆಯ ಕುರಿತು. ಆದರೂ ಮನೆ ಕಟ್ಟುವವನ ಮಟ್ಟಿಗೆ ಅದು ಅಕ್ಷರಶಃ ಸತ್ಯ.

ಗೃಹಪ್ರವೇಶದ ದಿನ ಕೊಡುವ ಊಟಕ್ಕಿಂತ, ಕೊನೆಯ ಕಂತು ತೀರಿ ಮನೆಯ ಕಾಗದಪತ್ರಗಳು ಕೈಗೆ ಬಂದ ದಿನ ಕೊಡುವ ಊಟ ರುಚಿಯಾಗಿರುತ್ತದೆ. 2036ರಲ್ಲಿ ಅಂಥದೊಂದು ಊಟಕ್ಕೆ ತಮ್ಮನ ಹೆಂಡತಿ ನನ್ನನ್ನು ಈಗಲೇ ಕರೆದಿದ್ದಾಳೆ. ದೇವರ ಚಿತ್ತವಿದ್ದರೆ ಹೋಗುತ್ತೇನೆ. ಆಗ "ಮನಿಗೆ ಎಷ್ಟ ಬಿತ್ತು?" ಎಂದು ಯಾರಾದರೂ ಕೇಳಿದರೆ, ಉತ್ತರ ಹೇಳುವವಳು ಅವಳೇ, ಪೈಸೆ ಪೈಸೆಯ ಲೆಕ್ಕ ಅವಳ ಡೈರಿಯಲ್ಲಿದೆ.